ಕಾಗಜಿ ಸಾಹೇಬರು ಎತ್ತಿದ ಹಾಳೆ

ಯಾರ ಮನೆಯ ಮದುವೆಯ ಕಾಗದ ಬಂದರೂ ಕಾಗಜಿ ಸಾಹೇಬರು ಅದನ್ನು ಮೊದಲು ಓದುತ್ತಿರಲಿಲ್ಲ. ಲಕೋಟೆಯಿಂದ ತೆಗೆದು, ಮೂಲೆಯನ್ನು ಎರಡು ಬೆರಳಲ್ಲಿ ಹಿಡಿದು, ಕಿವಿಯ ಹತ್ತಿರ ಒಯ್ದು ಪಟ್ಟನೆ ಒಮ್ಮೆ ಅಲ್ಲಾಡಿಸುತ್ತಿದ್ದರು. ಆಮೇಲೆ ಕಿಟಕಿಯ ಬೆಳಕಿಗೆ ಹಿಡಿದು ಕಣ್ಣು ಕಿರಿದು ಮಾಡುತ್ತಿದ್ದರು. "ಸತ್ತ ಕಾಗದ ನೋಡು ತಂಗಿ, ಇದರಾಗ ನಾರಿನ ಸುಳಿವೇ ಇಲ್ಲ" ಎಂದು ಮುಖ ಸಣ್ಣ ಮಾಡಿ, ಅಷ್ಟೆಲ್ಲ ಆದ ಮೇಲೆ, "ಅಂದಂಗ ಯಾರದು ಮದುವಿ?" ಎಂದು ಕೇಳುತ್ತಿದ್ದರು. ನನ್ನ ಅಕ್ಕನ ಮಗನ ಮದುವೆಯ ಕಾಗದಕ್ಕೂ ಹಾಗೇ ಮಾಡಿದಾಗ ನನಗೆ ರೇಗಿಹೋಯಿತು. "ಅಲ್ಲಾ ಸಾಹೇಬ್ರೇ, ನೀವು ಹುಡುಗಿ ನೋಡೋಕೆ ಹೋದಾಗಲೂ ಹೀಗೇ ಬೆಳಕಿಗೆ ಹಿಡಿದು ನೋಡಿದ್ರಾ?" ಅಂದೆ. ಅಡುಗೆಮನೆಯಿಂದ ಅವರ ಹೆಂಡತಿ ಕೂಗಿ ಹೇಳಿದರು: "ನನ್ನ ಎಲ್ಲಿ ನೋಡಿದ್ರವಾ ಇವರು! ನಿಕಾಹನಾಮೆದ ಕಾಗದ ನೋಡಿದ್ರು, ಅದು ಚಲೋ ಅದ ಅಂತ ಸಹಿ ಹಾಕಿದ್ರು."

ಅಂಥ ಮನುಷ್ಯ ಕಳೆದ ಮಳೆಗಾಲದಲ್ಲಿ ತೀರಿಕೊಂಡರು. ಅವರ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಕೋಲ್ಕತ್ತಾದಲ್ಲಿ ಆ ಹೆಸರು ಹಿಡಿದು ಅವರನ್ನು ಕರೆದವರನ್ನು ನಾನು ನೋಡಿಲ್ಲ. ಆಫೀಸಿನಲ್ಲಿ, ಕಟ್ಟಡದಲ್ಲಿ, ಮಾರುಕಟ್ಟೆಯಲ್ಲಿ ಎಲ್ಲರಿಗೂ ಅವರು ಕಾಗಜಿ. ಬಂಗಾಳಿಗಳ ಬಾಯಲ್ಲಿ ಅದು ದುಂಡಗಾಗಿ 'ಕಾಗೊಜಿ-ದಾ', ಅಂದರೆ ಕಾಗಜಿ ಅಣ್ಣ, ಆಗುತ್ತಿತ್ತು. ಕಾಗದ ಮಾಡುವವರಿಗೆ ಹಿಂದಿನ ಕಾಲದಲ್ಲಿ ಇದ್ದ ಕಸುಬಿನ ಹೆಸರು ಅದು. ಅವರ ಮನೆತನಕ್ಕೆ ಅಡ್ಡಹೆಸರಾಗಿ ಅಂಟಿಕೊಂಡಿತ್ತು. "ಅಪ್ಪ ಇಟ್ಟ ಹೆಸರು ನಂದು ತಂಗಿ. ಈ ಕಾಗಜಿ ಅನ್ನೋದು ಮಾತ್ರ ಇನ್ನೂ ನಂದಾಗಿಲ್ಲ" ಎಂದು ಅವರು ಒಮ್ಮೆ ಹೇಳಿದಾಗ ನಾನು ನಕ್ಕುಬಿಟ್ಟೆ. ಅವರು ನಗಲಿಲ್ಲ.

ಅವರ ಪರಿಚಯವಾದದ್ದು ಜೋಕಾ ಕಡೆ ಹೋಗುವ ಬಸ್ಸಿನಲ್ಲಿ. ಬಿಬಿಡಿ ಬಾಗ್‌ನ ನನ್ನ ಆಫೀಸು ಮುಗಿಸಿ, ಕೂರಲು ಜಾಗವಿಲ್ಲದೆ ಕಂಬಿ ಹಿಡಿದು ನಿಂತು, ಮೈಸೂರಿನಲ್ಲಿರುವ ನನ್ನ ತಮ್ಮನಿಗೆ ಫೋನಿನಲ್ಲಿ ಮನಸಾರೆ ಬೈಯುತ್ತಿದ್ದೆ. ಇಲ್ಲಿ ಯಾರಿಗೆ ಅರ್ಥವಾಗುತ್ತದೆ ಎಂಬ ಧೈರ್ಯ. ಅಲಿಪುರದಲ್ಲಿ ಹತ್ತಿದ ಒಬ್ಬ ಬಿಳಿ ಗಡ್ಡದ, ಎತ್ತರದ ಆಸಾಮಿ ನನ್ನ ಪಕ್ಕವೇ ನಿಂತು ಬೈಗುಳವೆಲ್ಲ ಮುಗಿಯುವವರೆಗೆ ಕಾದು, ನಾನು ಫೋನಿಟ್ಟ ಮೇಲೆ ಹೇಳಿದರು: "ಭಾಳ ದಿವಸಕ್ಕ ಕಿವಿ ತಂಪಾತು ನೋಡ್ರಿ. ಇನ್ನೊಂದ್ ಸ್ವಲ್ಪ ಬೈರಿ." ನಾನು ನಾಚಿಕೆಯಿಂದ ಮುದುರಿಹೋದೆ. ಅವರು ವಿಜಯಪುರದ ಕಡೆಯವರು, ಅಲಿಪುರದ ಒಂದು ಹಳೆಯ ದಫ್ತರಖಾನೆಯಲ್ಲಿ ಹರಿದ ದಾಖಲೆ, ಹುಳು ತಿಂದ ಪುಸ್ತಕಗಳನ್ನು ರಿಪೇರಿ ಮಾಡುವ ವಿಭಾಗದ ಮುಖ್ಯಸ್ಥರು ಎಂದೆಲ್ಲ ತಿಳಿದದ್ದು ಮುಂದಿನ ನಿಲ್ದಾಣಗಳಲ್ಲಿ. ನಾನು ಮನೆ ಹುಡುಕುತ್ತಿದ್ದೇನೆ ಎಂದು ತಿಳಿದ ತಕ್ಷಣ, ಅವರ ಕಟ್ಟಡದಲ್ಲೇ ಖಾಲಿಯಿದ್ದ ಒಂದು ಫ್ಲ್ಯಾಟನ್ನು ತೋರಿಸಲು ಬಸ್ಸಿನಿಂದ ಇಳಿಸಿಕೊಂಡು ಹೋಗಿಯೇಬಿಟ್ಟರು. ಅವತ್ತಿನಿಂದ ನಾನು ಅವರಿಗೆ ತಂಗಿ, ಅವರ ಹೆಂಡತಿ ನನಗೆ ಭಾಬಿ.

ಅವರ ಕೆಲಸವನ್ನು ನಾನೊಮ್ಮೆ ಹೋಗಿ ನೋಡಿದ್ದೆ. ಮುಟ್ಟಿದರೆ ಉದುರುವ ಒಂದು ಹಾಳೆಯನ್ನು ನೀರಿನಲ್ಲಿ ತೇಲಿಸಿ, ಎಳೆಗೂಸನ್ನು ಸ್ನಾನದಿಂದ ಎತ್ತುವ ಹಾಗೆ ಅಂಗೈ ಒಡ್ಡಿ ಎತ್ತುತ್ತಿದ್ದರು. ಹರಿದ ಜಾಗಕ್ಕೆ ಜೇಡರ ಬಲೆಯಂಥ ತೆಳು ಕಾಗದ ಅಂಟಿಸುತ್ತಿದ್ದರು. ಪಕ್ಕದಲ್ಲಿ ಯಾರಾದರೂ ಬೆರಳಿಗೆ ಎಂಜಲು ಹಚ್ಚಿ ಪುಟ ತಿರುಗಿಸಿದರೆ ಮಾತ್ರ ಆ ಸಾಧು ಮನುಷ್ಯನಿಗೆ ಎಲ್ಲಿಲ್ಲದ ಸಿಟ್ಟು. ಸಂಜೆ ಬಸ್ಸಿಳಿದು ನಾವು ಝಾಲ್‌ಮುಡಿ ಎಂಬ ಇಲ್ಲಿನ ಖಾರ ಮಂಡಕ್ಕಿ ತಿನ್ನುತ್ತಿದ್ದೆವು. ಅವರ ಪಾಲಿನ ಮಂಡಕ್ಕಿಯನ್ನೂ ನನ್ನ ಕೈಗೆ ಸುರಿದು, ಪೊಟ್ಟಣ ಬಿಚ್ಚಿ, ಆ ಕಾಗದ ಯಾವುದರಿಂದ ಮಾಡಿದ್ದು ಎಂದು ವಿವರಿಸಲು ಶುರುಮಾಡುತ್ತಿದ್ದರು. ಭಾಷಣ ಮುಗಿಯುವ ಹೊತ್ತಿಗೆ ಎರಡೂ ಪಾಲಿನ ಮಂಡಕ್ಕಿ ನಾನೇ ತಿಂದಿರುತ್ತಿದ್ದೆ.

ಕಾಗಜಿ ಎಂಬ ಮಾತಿನ ಪಾಡು ಈ ಊರಿನಲ್ಲಿ ಏನಾಗಿದೆ ಎಂಬುದಕ್ಕೆ ಅವರ ಹತ್ತಿರ ಕತೆಗಳಿಗೆ ಬರವಿರಲಿಲ್ಲ. ಮಾರುಕಟ್ಟೆಯ ತರಕಾರಿಯವಳು ತೆಳುಸಿಪ್ಪೆಯ ನಿಂಬೆಹಣ್ಣನ್ನು 'ಕಾಗೊಜಿ ಲೇಬು' ಅನ್ನುತ್ತಾಳೆ. ಇವರು ಹೋದರೆ ನಿಮ್ಮ ಮನೆಯದು ಎಂದು ನಗುತ್ತಾ ಒಂದು ಹಣ್ಣು ಹೆಚ್ಚಿಗೆ ಹಾಕುತ್ತಿದ್ದಳು. "ನಮ್ಮ ಇಂಡಿ ಕಡಿನೂ ಹಂಗೇ ಅಂತಾರ ತಂಗಿ, ಕಾಗಜಿ ಲಿಂಬಿ. ಕೈಲೆ ಒಡಿಯೋ ಬಾದಾಮಿಗೂ ಕಾಗಜಿ ಅಂತಾರ. ಮಾಡೋ ಮಂದಿ ಹೋದ್ರು, ಹೆಸರು ಹಣ್ಣು ಕಾಯಿಗೆ ಹತ್ತಿ ಕೂತದ." ಅವರ ಊರಿನ ಕಾಗಜಿ ಓಣಿಯಲ್ಲಿ ಈಗ ಇರುವುದು ಪಂಕ್ಚರ್ ಅಂಗಡಿ ಮತ್ತು ಒಂದು ಮೊಬೈಲ್ ಅಂಗಡಿ. ನಮ್ಮ ಕಟ್ಟಡದ ಮೇಲಿನ ಮಹಡಿಯ, ಎಲ್ಲರೂ ಮಾಶಿಮಾ ಅಂದರೆ ಚಿಕ್ಕಮ್ಮ ಎಂದು ಕರೆಯುವ ಹಿರಿಯಾಕೆ ಅಂತೂ ಇವರನ್ನು ಹಳೆ ಪೇಪರ್ ಕೊಳ್ಳುವ ವ್ಯಾಪಾರಸ್ಥರೆಂದೇ ತಿಳಿದು, ಇವರು ಬಂದ ಹೊಸದರಲ್ಲಿ ತಿಂಗಳ ಪತ್ರಿಕೆಗಳನ್ನೆಲ್ಲ ಹಗ್ಗದಲ್ಲಿ ಕಟ್ಟಿ ಬಾಗಿಲ ಮುಂದೆ ಇಟ್ಟು ಹೋಗುತ್ತಿದ್ದರಂತೆ. ಸಾಹೇಬರು ಸುಮ್ಮನೆ ಒಳಗೆ ತಂದಿಟ್ಟುಕೊಳ್ಳುತ್ತಿದ್ದರು. ಅಲ್ಲ ಎನ್ನಲು ಸಂಕೋಚ. ಕೊನೆಗೆ ಭಾಬಿಯೇ ಹೋಗಿ ಹೇಳಿ ಬಂದರು.

ನಗಿಸುತ್ತಾ ಹೇಳುತ್ತಿದ್ದರೂ ಆ ಮಾತು ಅವರಿಗೆ ಚುಚ್ಚುತ್ತಿತ್ತು. ಮನೆತನದಲ್ಲಿ ಕೊನೆಯದಾಗಿ ಕಾಗದ ಮಾಡಿದವರು ಅವರ ತಾತ. ಅಪ್ಪ ಶಾಲೆ ಮಾಸ್ತರರಾದರು. ಇವರು ಜೀವಮಾನವೆಲ್ಲ ಬೇರೆಯವರು ಮಾಡಿದ ಕಾಗದಕ್ಕೆ ತೇಪೆ ಹಾಕಿದರು. ತಾತನ ಮಗಳು, ಅಂದರೆ ಇವರ ಸೋದರತ್ತೆ, ಊರಿನಲ್ಲಿ ಇನ್ನೂ ಇದ್ದರು. ತೀರಾ ಮುದುಕಿ, ಕಣ್ಣು ಪೂರ್ತಿ ಹೋಗಿದೆ, ನಾಲಿಗೆ ಮಾತ್ರ ಗಟ್ಟಿ. ಮನೆಯಲ್ಲಿ ಎಲ್ಲರಿಗೂ ಆಕೆ ಫೂಫಿ. ಹುಡುಗಿಯಾಗಿದ್ದಾಗ ತಮ್ಮ ಅಪ್ಪ ತೊಟ್ಟಿಯಿಂದ ಎತ್ತಿದ ಹಾಳೆಗಳನ್ನು ನುಣುಪು ಕಲ್ಲಿನಿಂದ ಉಜ್ಜಿ ಹೊಳಪು ಕೊಡುತ್ತಿದ್ದವರು ಆಕೆ. ಆ ಮನೆಯ ಮಾತು ದಖ್ಖನಿ ಉರ್ದು, ಆದರೆ ಫೂಫಿ ಬೈಯಬೇಕಾದರೆ ಕನ್ನಡಕ್ಕೆ ಬರುತ್ತಿದ್ದರು. ಹಾಗಾಗಿ ಫೋನಿನಲ್ಲಿ ಆಕೆಯ ಮಾತು ನನಗೆ ಹೆಚ್ಚೂಕಡಿಮೆ ಎಲ್ಲವೂ ತಿಳಿಯುತ್ತಿತ್ತು.

ಫೂಫಿಯ ಲೆಕ್ಕದಲ್ಲಿ ಕಾಗಜಿ ಎಂಬ ಮಾತಿಗೆ ಅರ್ಥ ಒಂದೇ. ಗೋಣಿ ಕತ್ತರಿಸುವವರು, ಸುಣ್ಣದ ನೀರಲ್ಲಿ ನೆನೆಹಾಕುವವರು, ಕುಟ್ಟುವವರು, ಗಂಜಿ ಸವರುವವರು, ಉಜ್ಜುವವರು, ಸಂತೆಗೆ ಒಯ್ದು ಮಾರುವವರು ಯಾರೂ ಕಾಗಜಿಗಳಲ್ಲ. ತೊಟ್ಟಿಯ ಮುಂದೆ ನಿಂತು, ಬಿದಿರುಕಡ್ಡಿಯ ಜರಡಿಯನ್ನು ನೀರಿಗಿಳಿಸಿ, ಕಲಸಿದ ನಾರನ್ನು ಒಂದೇ ಸಲ ಸಮವಾಗಿ ಎತ್ತುವವನು ಮಾತ್ರ ಕಾಗಜಿ. "ಎತ್ತಿದಾಂವ ಕಾಗಜಿ. ಉಳಿದಾವ್ರು ಮನಿ ಮಂದಿ" ಎನ್ನುತ್ತಿದ್ದರು ಆಕೆ. ಹಾಗಾದರೆ ನೀವು, ಎಂದು ನಾನು ಫೋನಿನಲ್ಲೇ ಕೇಳಿದ್ದೆ. "ನಾ ಮನಿ ಮಂದಿನವಾ. ನಮ್ಮವ್ವನೂ ಮನಿ ಮಂದಿ. ಹೆಣ್ಣಮಕ್ಕಳನ್ನ ಯಾರ ಕಾಗಜಿ ಅಂತಾರ?" ಎಂದರು. ನನಗೆ ಮೈಯೆಲ್ಲ ಉರಿಯಿತು. ಬೆಳಗಿಂದ ಸಂಜೆವರೆಗೆ ಉಜ್ಜಿ ಉಜ್ಜಿ ಅಂಗೈ ಸವೆಸಿಕೊಂಡವಳಿಗೆ ಹೆಸರಿಲ್ಲ, ನೀರಲ್ಲಿ ಕೈ ಅಲ್ಲಾಡಿಸಿದವನಿಗೆ ಹೆಸರು! ಭಾಬಿ ನನ್ನ ಮುಖ ನೋಡಿ ಸೆರಗು ಅಡ್ಡ ಹಿಡಿದು ನಗುತ್ತಿದ್ದರು.

ಇನ್ನೂ ಒಂದು ಪದ್ಧತಿಯಿತ್ತು ಆ ಮನೆತನದಲ್ಲಿ. ಕೆಲಸ ಕಲಿಯುವ ಹುಡುಗ ಹಾಳೆ ಎತ್ತಿ, ಅದು ಒಣಗಿ, ಗಂಜಿ ಕುಡಿದು, ಹೊಳಪೇರಿದ ಮೇಲೆ ಹಿರಿಯರ ಕಿವಿಯ ಹತ್ತಿರ ಹಿಡಿದು ಬಾರಿಸಬೇಕು. ನಾದ ಸರಿಯಿಲ್ಲದಿದ್ದರೆ ಹಿರಿಯರು ಇನ್ನೂ ಹಸಿ ಅನ್ನುತ್ತಾರೆ, ಹುಡುಗ ಆ ಹಾಳೆಯನ್ನು ಬೀಡಿ ಕಟ್ಟುವವರಿಗೋ ಪುಡಿ ಕಟ್ಟುವವರಿಗೋ ಕೊಟ್ಟುಬಿಡುತ್ತಾನೆ. ಕಾಗದ ಕಾಗದದಂತೆ ನುಡಿದ ದಿನ ಮಾತ್ರ ಅವರು ಹೇಳುವ ಮಾತೇ ಬೇರೆ: "ಮೊದಲನೇದು. ತೊಟ್ಟಿಗೆ ಹಾಕು." ಹುಡುಗ ತನ್ನ ಆ ಮೊದಲ ಒಳ್ಳೆಯ ಹಾಳೆಯನ್ನು ತಾನೇ ಹರಿದು ತೊಟ್ಟಿಗೆ ಹಾಕಿ ಕಲಕಬೇಕು. ಮುಂದೆ ಬರುವ ಹಾಳೆಗಳಲ್ಲೆಲ್ಲ ಅದು ಸೇರಿರುತ್ತದೆ. ಆ ಮಾತು ಕೇಳಿಸಿಕೊಂಡವನು ಅವತ್ತಿನಿಂದ ಕಾಗಜಿ. ಅದನ್ನು ಹೇಳುವ ಹಕ್ಕಿದ್ದವರ ಪೈಕಿ ಉಳಿದಿದ್ದವರು ಫೂಫಿ ಒಬ್ಬರೇ. "ಆಕಿ ಬಾಯಿಂದ ಆ ಮಾತು ಬರಬೇಕು ತಂಗಿ, ಆಕಿ ಇರೂತನಕ. ಆಮ್ಯಾಲೆ ಹೇಳಾವ್ರು ಯಾರದಾರ?" ಎಂದರು ಸಾಹೇಬರು. ನಿವೃತ್ತಿಯ ಹೊತ್ತಿಗೆ ಅವರಿಗೆ ಬೇರೆ ಆಸೆಯೇನೂ ಉಳಿದಿರಲಿಲ್ಲ.

ನಿವೃತ್ತಿಯಾದ ಮೇಲೆ ಎಲ್ಲರೂ ತೀರ್ಥಯಾತ್ರೆಗೆ ಹೋದರೆ ಇವರು ಊರಿಗೆ ಹೋಗಿ ಫೂಫಿಯ ಹತ್ತಿರ ಕೂತು ಕೆಲಸದ ವಿಧಾನವನ್ನೆಲ್ಲ ಬಾಯಿಪಾಠ ಮಾಡಿಕೊಂಡು ಬಂದರು. ಫೂಫಿ ತಮ್ಮ ಉಜ್ಜುವ ಕಲ್ಲನ್ನು ಕೊಟ್ಟು ಕಳಿಸಿದ್ದರು, ಅದೂ ಭಾಬಿಗೆ. ಅದು ಹೆಣ್ಣುಮಕ್ಕಳ ಕಲ್ಲಂತೆ, ಗಂಡಸರು ಮುಟ್ಟಬಾರದಂತೆ. ನೆಲ್ಲಿಕಾಯಿಯ ಬಣ್ಣದ, ಅಂಗೈಗೆ ಹೇಳಿ ಮಾಡಿಸಿದಂಥ ಕಲ್ಲು. ಬಂದವರೇ ಸಾಹೇಬರು ಕಟ್ಟಡದ ತಾರಸಿಯನ್ನು ಆಕ್ರಮಿಸಿಕೊಂಡರು. ದಿನಸಿ ಅಂಗಡಿಗಳಿಂದ ಹರಿದ ಗೋಣಿಚೀಲ ಬಂತು. "ನಮ್ಮಲ್ಲಿ ಗೋಣಿ ಹುಡುಕ್ಯಾಡ್ತಿದ್ರಂತ. ಇದು ಗೋಣಿ ಹುಟ್ಟೋ ಊರು ತಂಗಿ!" ಎಂದು ಹಿಗ್ಗಿದರು. ಕಿಟಕಿಗೆ ಬಿದಿರಿನ ಚಿಕ್ ಪರದೆ ಕಟ್ಟುವವನ ಬೆನ್ನುಹತ್ತಿ, ಪರದೆಗಿಂತ ನೂರು ಪಾಲು ಸಣ್ಣ ಕಡ್ಡಿಯ ಜರಡಿ ಮಾಡಿಸಿದರು. ಭಾಬಿ ಬಟ್ಟೆ ನೆನೆಹಾಕುವ ದೊಡ್ಡ ಟಬ್ಬು ತೊಟ್ಟಿಯಾಯಿತು. ಗೋಣಿ ಕತ್ತರಿಸಿ ಸುಣ್ಣದಲ್ಲಿ ನೆನೆಹಾಕುವ ಕೆಲಸ ಭಾಬಿಯದು. ಆಕೆಯ ಬೆರಳು ಬಿರಿದು, ರಾತ್ರಿಯೂಟಕ್ಕೆ ಕೂತರೆ ಸಾರು ತಾಗಿ ಉರಿಯುತ್ತದೆ ಎಂದು ಚಮಚದಲ್ಲಿ ಉಣ್ಣುತ್ತಿದ್ದರು. ಕುಟ್ಟುವುದು ಸಾಹೇಬರು. ಆ ಕುಟ್ಟಾಣಿಯ ಸದ್ದು, ನೆನೆದ ಗೋಣಿಯ ನಾತ, ದೇವರೇ ಗತಿ.

ತಾರಸಿಯ ಕೆಳಗೇ ಮಾಶಿಮಾ ಅವರ ಮನೆ. ಆಕೆಗೆ ಮೊದಲಿನಿಂದಲೂ ತಾರಸಿ ಮೇಲೆ ಸದ್ದಾದರೆ ಮೆಟ್ಟಿಲ ಬುಡದಲ್ಲಿ ನಿಂತು "ಛಾದೇ ಕೇ?" ಎಂದು ಕೂಗುವ ಅಭ್ಯಾಸ, ತಾರಸಿಯಲ್ಲಿ ಯಾರು ಎಂದು ಅರ್ಥ. ಚಳಿಗಾಲದಲ್ಲಿ ಬೇಳೆಯ ಸಣ್ಣ ಸಂಡಿಗೆ ಇಟ್ಟಿರುತ್ತಾರಲ್ಲ, ಬೋಡಿ ಅಂತ, ಅದನ್ನು ಕಾಯುವವರು ಅವರು. ಸಾಹೇಬರು "ಆಮಿ, ಮಾಶಿಮಾ" ಎಂದು ಉತ್ತರ ಕೊಡುತ್ತಿದ್ದರು. ನಾನು ಅಂತ. ಊರೆಲ್ಲ ಕಾಗೊಜಿ-ದಾ ಎಂದು ಕರೆದರೂ ಅವರಾಗಿ ಎಂದೂ ಕಾಗಜಿ ಎಂದು ಹೇಳಿಕೊಂಡದ್ದು ನಾನು ಕೇಳಿರಲಿಲ್ಲ. ನಾತ ಶುರುವಾದ ಮೇಲೆ ಮಾಶಿಮಾ ಮೂಗು ಮುಚ್ಚಿಕೊಂಡು ಮೇಲೆ ಬಂದು "ಕೀ ಗೊಂಧೋ ರೇ ಬಾಬಾ!", ಎಂಥಾ ನಾತವಪ್ಪಾ, ಎಂದು ಕೂಗಾಡಿದರು. ಸಾಹೇಬರು ಕೈಮುಗಿದು, ತಾತನ ಕತೆ ಹೇಳಿ, ಆಕೆಯ ಮನೆಯಲ್ಲಿದ್ದ ಆಕೆಯ ಮಾವನ ಕಾಲದ ಹರಿದ ಪಂಚಾಂಗವನ್ನು ಹೊಸದರಂತೆ ಮಾಡಿಕೊಟ್ಟ ಮೇಲೆ ಆಕೆ ಶಾಂತರಾದರು. ಅಗರಬತ್ತಿ ಹಚ್ಚಿಕೊಂಡು ಕೂತರು ಪಾಪ.

ತಪ್ಪಾದದ್ದು ಒಣಗಿಸುವಲ್ಲಿ. ಎತ್ತಿದ ಹಾಳೆಯ ನೀರು ಹಿಂಡಿ, ಸುಣ್ಣ ಸಾರಿಸಿದ ಗೋಡೆಗೆ ಬ್ರಶ್ಶಿನಿಂದ ಅಂಟಿಸಬೇಕು, ಮಧ್ಯಾಹ್ನಕ್ಕೆ ತಾನಾಗಿ ಕಳಚಿಕೊಳ್ಳುತ್ತದೆ ಎಂದು ಫೂಫಿ ಹೇಳಿಕೊಟ್ಟಿದ್ದರು. ಫೂಫಿಯದು ವಿಜಯಪುರದ ಬಿಸಿಲು, ಒಣಗಾಳಿ. ಸಾಹೇಬರು ಆಷಾಢ ಮಾಸದ ಕೋಲ್ಕತ್ತಾದಲ್ಲಿ, ತಾರಸಿಯ ಮೇಲಿನ ಒಂಟಿ ಕೋಣೆಯ ಗೋಡೆಗೆ ಸುಣ್ಣ ಬಳಿದು ಹಾಳೆ ಅಂಟಿಸಿದರು. ಮಧ್ಯಾಹ್ನ ಬಂತು, ಸಂಜೆ ಬಂತು, ವಾರ ಬಂತು. ಹಾಳೆಗಳು ಗೋಡೆ ಬಿಡಲಿಲ್ಲ. ಮೊದಲು ಹಳದಿ ಚುಕ್ಕೆ, ಆಮೇಲೆ ಕರಿ ಚುಕ್ಕೆ, ಆಮೇಲೆ ಬೂಷ್ಟು ರೋಮದಂತೆ ಎದ್ದು ನಿಂತಿತು. ಹೇಗೋ ಕಿತ್ತು ತೆಗೆದು ಗಂಜಿ ಸವರಿದ ಒಂದೆರಡು ಹಾಳೆಗಳನ್ನು ಜಿರಲೆಗಳು ಹಬ್ಬದೂಟ ಮಾಡಿದವು.

ನನಗೆ ನಗು ತಡೆಯಲಾಗಲಿಲ್ಲ. "ಅಲ್ಲ ಸಾಹೇಬ್ರೇ, ಜೀವನ ಪೂರ್ತಿ ಬೂಷ್ಟಿನ ಡಾಕ್ಟರ್ ಆಗಿ ಸಂಬಳ ತಗೊಂಡ್ರಲ್ಲ! ಬೇರೆಯವರು ಪುಸ್ತಕದ ಹತ್ತಿರ ಒದ್ದೆ ಛತ್ರಿ ತಂದ್ರೆ ಹಾರಿ ಬೀಳ್ತಿದ್ದೋರು ನೀವೇ ತಾನೆ?" ಅಂದೆ. ಅವರು ಪೆಚ್ಚಾಗಿ ಗೋಡೆಯನ್ನೇ ನೋಡುತ್ತಾ ನಿಂತಿದ್ದರು. "ಗೊತ್ತಿತ್ತು ತಂಗಿ. ಆದ್ರ ಫೂಫಿ ಗ್ವಾಡಿಗೆ ಹಚ್ಚು ಅಂದ ಮ್ಯಾಲೆ ಹೆಂಗ ಬ್ಯಾಡ ಅನ್ನಲಿ?" ಎಂದರು. ನನ್ನ ಮಗಳಿಗೆ ಕನ್ನಡ ಅರ್ಥವಾಗುತ್ತದೆ, ಬಾಯಿಗೆ ಬರುವುದಿಲ್ಲ. "ಅಂಕಲ್, ಹೇರ್ ಡ್ರೈಯರ್ ಯೂಸ್ ಕರೋ ನಾ" ಎಂದು ತನ್ನದನ್ನೇ ತಂದುಕೊಟ್ಟಳು. ಸಾಹೇಬರು ಅದನ್ನು ಮುಟ್ಟಲೂ ಒಪ್ಪಲಿಲ್ಲ. ಹಿರಿಯರು ಹೇಳಿದ್ದು ಹೇಳಿದ್ದೇ. ಅವರ ಆ ಹಟ ನೋಡಿದರೆ ನನಗೆ ಒಂದು ಕಡೆ ತಲೆ ಚಚ್ಚಿಕೊಳ್ಳುವಂತಾಗುತ್ತಿತ್ತು, ಇನ್ನೊಂದು ಕಡೆ ಅಯ್ಯೋ ಅನ್ನಿಸುತ್ತಿತ್ತು.

ಆ ಮಳೆಗಾಲವೆಲ್ಲ ಫೋನಿನ ಪರೀಕ್ಷೆ ನಡೆಯಿತು. ಸ್ವಲ್ಪ ನೆಟ್ಟಗಿರುವ ಹಾಳೆ ಸಿಕ್ಕರೆ ಸಾಕು, ಸಾಹೇಬರು ಊರಿಗೆ ಫೋನ್ ಹಚ್ಚಿ, ಸ್ಪೀಕರ್ ಹಾಕಿ, ಅದರ ಮುಂದೆ ಹಾಳೆ ಅಲ್ಲಾಡಿಸುತ್ತಿದ್ದರು. ಆ ಕಡೆಯಿಂದ ಫೂಫಿ: "ಹಸಿ ಅದ." ಇನ್ನೊಂದು ಸಲ. "ಅರಿವಿ ಝಾಡಿಸಿದಂಗ ಆತು. ಕಾಗದ ಎಲ್ಲದ?" ಮತ್ತೊಂದು ಸಲ. "ಯಾಕೋ ನನ್ನ ನಿದ್ದಿ ಕೆಡಸ್ತಿ?" ಅರವತ್ತು ದಾಟಿದ, ದೊಡ್ಡ ದೊಡ್ಡವರು ಸಲಹೆ ಕೇಳಲು ಬರುತ್ತಿದ್ದ ಮನುಷ್ಯ, ಪರೀಕ್ಷೆ ಫೇಲಾದ ಹುಡುಗನಂತೆ ಫೋನ್ ಆರಿಸಿ ಕೂತುಬಿಡುತ್ತಿದ್ದರು. ಇದರ ನಡುವೆ ಊರಿನಿಂದ ಸುದ್ದಿ ಬಂತು, ಫೂಫಿ ಊಟ ಕಮ್ಮಿ ಮಾಡಿದ್ದಾರೆ ಅಂತ. ಸಾಹೇಬರು ಅವತ್ತೇ ಹೊಸ ಗೋಣಿ ತಂದರು. ಅವರಿಗೆ ಉಬ್ಬಸ ಶುರುವಾಗಿತ್ತು, ಎದೆ ಹಿಡಿದುಕೊಂಡು ಕುಟ್ಟುತ್ತಿದ್ದರು. ಬೇಡ ಎಂದರೆ ಕೇಳುವವರು ಯಾರು?

ಕೊನೆಗೆ ದಾರಿ ತೋರಿಸಿದವರು ಮಾಶಿಮಾ. ಭಾಬಿ ಕಷ್ಟ ಹೇಳಿಕೊಂಡಾಗ ಆಕೆ, ಇದರಲ್ಲಿ ಕೇಳುವುದೇನಿದೆ ಎಂಬಂತೆ, ಈ ಊರಲ್ಲಿ ಮಳೆಗಾಲದಲ್ಲಿ ಯಾರಾದರೂ ಬೋಡಿ ಇಡುತ್ತಾರಾ, ಶೀತ್ ಬರಲಿ, ಚಳಿ ಬೀಳಲಿ ಎಂದರು. ಅಷ್ಟು ಸರಳ. ಭಾಬಿ ಬಂದು ಗಂಡನಿಗೆ ಹೇಳಿದ್ದು ನನ್ನ ಮುಂದೆಯೇ: "ಫೂಫಿ ಗ್ವಾಡಿ ಅಂದಾರ, ಯಾವ ತಿಂಗಳದಾಗ ಅಂತ ಅಂದಿಲ್ಲ. ಥಂಡಿತನಕ ಕೈ ಕಟ್ಟಿ ಕುಂದರ್ರಿ." ಹಿರಿಯರ ಮಾತು ಮೀರಿದಂತಾಗುವುದಿಲ್ಲ ಎಂದು ಖಾತ್ರಿಯಾದ ಮೇಲೆ ಸಾಹೇಬರು ಒಪ್ಪಿದರು.

ದುರ್ಗಾಪೂಜೆ ಮುಗಿದು, ದೀಪಾವಳಿ ಮುಗಿದು, ಗಾಳಿಯಲ್ಲಿ ಖರ್ಜೂರದ ಬೆಲ್ಲದ ವಾಸನೆ ಬರತೊಡಗಿದಾಗ ಅವರು ಮತ್ತೆ ತೊಟ್ಟಿ ತುಂಬಿಸಿದರು. ಭಾನುವಾರಗಳಲ್ಲಿ ನಾನೂ ಹೋಗಿ ಕೂರುತ್ತಿದ್ದೆ. ಅವರು ಜರಡಿಯನ್ನು ತಮ್ಮ ಕಡೆಯಿಂದ ನೀರಿಗಿಳಿಸಿ, ಉಸಿರು ಹಿಡಿದು, ಮಟ್ಟವಾಗಿ ಮೇಲೆತ್ತಿ, ಎಡಕ್ಕೊಮ್ಮೆ ಬಲಕ್ಕೊಮ್ಮೆ ಸ್ವಲ್ಪ ತೂಗುತ್ತಿದ್ದರು. ನೀರು ಸೋರಿಹೋಗಿ ಕಡ್ಡಿಯ ಮೇಲೆ ಕೆನೆಯಂಥ ಒಂದು ಪದರ ಉಳಿಯುತ್ತಿತ್ತು. ಬಹಳಷ್ಟು ಹಾಳಾದವು. ಒಂದು ಉಳಿಯಿತು. ಬೆಳಿಗ್ಗೆ ಗೋಡೆಗೆ ಹಚ್ಚಿದ್ದು, ನಾವು ಊಟ ಮುಗಿಸಿ ಮೇಲೆ ಹೋಗುವಷ್ಟರಲ್ಲಿ ಒಂದು ಮೂಲೆ ಕಳಚಿ ಗಾಳಿಗೆ ಬಾಗಿತ್ತು. ಸಾಹೇಬರು ಅದನ್ನು ನೋಡಿ ಬಾಗಿಲಲ್ಲೇ ಕೂತುಬಿಟ್ಟರು. ಮುಂದಿನ ದಿನಗಳಲ್ಲಿ ಗಂಜಿ ಸವರಿ ಒಣಗಿಸಿದ್ದಾಯಿತು. ಭಾಬಿ ಮರದ ಹಲಗೆಯ ಮೇಲೆ ಹಾಳೆ ಹರಡಿ, ಫೂಫಿಯ ಕಲ್ಲಿನಿಂದ ಉಜ್ಜಿದರು. ಗೋಣಿಯ ಬಣ್ಣ ಹಗುರವಾಗಿ ಉಳಿದಿತ್ತು, ಬೆಳಕಿಗೆ ಹಿಡಿದರೆ ಸಣ್ಣ ನಾರುಗಳು ಹೊಳೆಯುತ್ತಿದ್ದವು. ನಾನು ಜನ್ಮದಲ್ಲಿ ಅಷ್ಟು ಚಂದದ ಕಾಗದ ನೋಡಿರಲಿಲ್ಲ.

ತಾರಸಿಯಿಂದಲೇ ಊರಿಗೆ ಫೋನ್ ಮಾಡಿದರು. ಸಾಹೇಬರು ಮೂಲೆ ಹಿಡಿದು ಪಟ್ಟನೆ ಅಲ್ಲಾಡಿಸಿದರು. ನನಗೇ ಕೇಳಿಸಿತು ಅದರ ನಾದ, ಹೊಸ ಹಪ್ಪಳ ಮುರಿದ ಹಾಗೆ. ಫೂಫಿ ಇನ್ನೊಮ್ಮೆ ಬಾರಿಸು ಎಂದರು. ಬಾರಿಸಿದರು.

"ಮೊದಲನೇದು" ಎಂದರು ಫೂಫಿ. "ತೊಟ್ಟಿಗೆ ಹಾಕು."

ಸಾಹೇಬರು ಒಂದು ಕ್ಷಣವೂ ತಡಮಾಡದೆ ಹಾಳೆಯನ್ನು ಎರಡಾಗಿ, ನಾಲ್ಕಾಗಿ ಹರಿದರು. "ಅಯ್ಯೋ ಬೇಡ! ಒಂದೇ ಒಂದು ಇರೋದು! ಫೋಟೋ ಆದ್ರೂ ತೆಗೀತೀನಿ ತಡೀರಿ!" ಎಂದು ನಾನು ಕಿರುಚುತ್ತಲೇ ಇದ್ದೆ. ಅದು ಆಗಲೇ ನೀರಿನಲ್ಲಿತ್ತು. ಅವರು ಮೊಣಕೈವರೆಗೆ ತೊಟ್ಟಿಯಲ್ಲಿ ಕೈಯಿಟ್ಟು ಕಲಕುತ್ತಿದ್ದರು, ಕಣ್ಣಿಂದ ನೀರು ಗಡ್ಡಕ್ಕೆ ಇಳಿಯುತ್ತಿತ್ತು, ಬಾಯಿ ತುಂಬ ನಗು. ನನ್ನ ಕಿರುಚಾಟ ಕೇಳಿ ಮಾಶಿಮಾ ಕೆಳಗಿನಿಂದ ಕೂಗಿದರು: "ಛಾದೇ ಕೇ?"

"ಕಾಗೊಜಿ, ಮಾಶಿಮಾ!" ಎಂದರು ಸಾಹೇಬರು.

ಆಮೇಲೆ ಅವರು ಇನ್ನೊಂದು ಹಾಳೆ ಎತ್ತಲಿಲ್ಲ. ಮರುವಾರವೇ ಎದೆನೋವು ಬಂದು ಆಸ್ಪತ್ರೆ ಸೇರಿದರು. ತೊಟ್ಟಿಯಲ್ಲಿ ಉಳಿದ ನಾರನ್ನು ಭಾಬಿ ಹಿಂಡಿ, ಉಂಡೆ ಕಟ್ಟಿ, ಬೋಡಿ ಒಣಗಿಸಿದ ಹಾಗೆ ಬಿಸಿಲಲ್ಲಿ ಒಣಗಿಸಿ ಡಬ್ಬಿಯಲ್ಲಿಟ್ಟರು. ಮುಂದಿನ ಚಳಿಗೆ ಇರಲಿ ಎಂದು ಸಾಹೇಬರೇ ಹೇಳಿದ್ದರು. ಮನೆಗೆ ಬಂದ ಮೇಲೂ ಅವರದ್ದು ಬರೀ ಅದೇ ಮಾತು. ಡಾಕ್ಟರು ಬರೆದುಕೊಟ್ಟ ಚೀಟಿಯನ್ನೂ ಕಿವಿಯ ಹತ್ತಿರ ಬಾರಿಸಿ "ಸತ್ತ ಕಾಗದ" ಅನ್ನುತ್ತಿದ್ದರು. ಮಳೆ ಹಿಡಿದ ಒಂದು ಬೆಳಿಗ್ಗೆ ಚಹಾ ಕುಡಿಯುತ್ತಾ ಕೂತಲ್ಲೇ ಹೋಗಿಬಿಟ್ಟರು. ಮಣ್ಣಿಗೆ ಒಯ್ಯುವಾಗ ಮಾಶಿಮಾ ಮೆಟ್ಟಿಲ ಹತ್ತಿರ ನಿಂತು ಸೀರೆ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದರು. ನನಗೆ ಅಣ್ಣ ಇಲ್ಲ. ಈ ಊರಿನಲ್ಲಿ ಒಬ್ಬ ಸಿಕ್ಕಿದ್ದ, ಅವನೂ ಹೋದ ಎಂದು ನಾನು ಅತ್ತೆ. ಊರಿನಲ್ಲಿ ಫೂಫಿ, ಸುದ್ದಿ ಕೇಳಿದ ಮೇಲೆ, ಯಾರ ಫೋನಿಗೂ ಬರಲಿಲ್ಲವಂತೆ.

ಭಾಬಿಯನ್ನು ಊರಿಗೆ ಬಾ ಎಂದು ತವರಿನವರು ಕರೆದರು. ಆಕೆ ಹೋಗಲಿಲ್ಲ. "ಥಂಡಿ ಬರಲಿ" ಎಂದಷ್ಟೇ ಹೇಳುತ್ತಿದ್ದರು. ಯಾಕೆಂದು ನನಗೆ ಹೊಳೆಯಲೇ ಇಲ್ಲ, ನನ್ನ ದಡ್ಡತನಕ್ಕೆ ಏನೆನ್ನಲಿ. ಈ ಡಿಸೆಂಬರಿನಲ್ಲಿ ಒಂದು ಭಾನುವಾರ ಮೇಲೆ ಹೋಗಿ ನೋಡಿದರೆ ಟಬ್ಬಿನಲ್ಲಿ ನೀರು, ಡಬ್ಬಿಯ ಉಂಡೆಗಳು ಕರಗಿ ಗಂಜಿಯಂತೆ ತೇಲುತ್ತಿವೆ. ಭಾಬಿ ಸೀರೆ ಎತ್ತಿ ಕಟ್ಟಿ, ಜರಡಿ ಹಿಡಿದು ನಿಂತಿದ್ದಾರೆ. "ಇಷ್ಟು ದಿವಸ ಬಾಜೂಕ ನಿಂತು ನೋಡೀನಲ್ಲವಾ. ಅವರು ಎಲ್ಲಿ ಉಸಿರು ಹಿಡೀತಿದ್ರು, ಎಲ್ಲಿ ಬಿಡ್ತಿದ್ರು, ಎಲ್ಲಾ ನನಗ ಗೊತ್ತದ" ಎಂದರು. ಮೊದಲನೆಯದು ಹರಿಯಿತು. ಎರಡನೆಯದು ಒಂದು ಕಡೆ ದಪ್ಪ, ಒಂದು ಕಡೆ ತೂತು. ಆಕೆ ಬೈದುಕೊಳ್ಳಲಿಲ್ಲ, ಮತ್ತೆ ನೀರಿಗೇ ಬಿಟ್ಟು ಕಲಕಿದರು. ಅಂತೂ ಒಂದು ನಿಂತಿತು. ಗೋಡೆ ಅದನ್ನು ಮಧ್ಯಾಹ್ನಕ್ಕೆ ಬಿಟ್ಟಿತು. ಗಂಜಿಯನ್ನೂ ಭಾಬಿಯೇ ಸವರಿದರು, ಕಲ್ಲಿನಿಂದಲೂ ಅವರೇ ಉಜ್ಜಿದರು.

ಕಳೆದ ಭಾನುವಾರ ಆಕೆ ತಾರಸಿಯ ಮೇಲೆ ನನ್ನ ಕೈಗೆ ಫೋನ್ ಕೊಟ್ಟರು. "ಹಚ್ಚು ತಂಗಿ, ಊರಿಗೆ." ಫೂಫಿ ಬರುತ್ತಾರೋ ಇಲ್ಲವೋ ಎಂದು ನನಗೆ ಅನುಮಾನವಿತ್ತು. ಕೋಲ್ಕತ್ತಾದಿಂದ ಕಾಗದ ಕೇಳಿಸಬೇಕಂತೆ ಎಂದು ಮನೆಯವರು ಹೇಳಿದ ಮೇಲೆ ಫೋನು ಆಕೆಯ ಕಿವಿಗೆ ಹೋಯಿತು. ಭಾಬಿ ಮೂಲೆ ಹಿಡಿದು ಬಾರಿಸಿದರು.

"ಯಾರು ಎತ್ತಿದ್ದು?" ಎಂದು ಕೇಳಿತು ಆ ಮುದಿ ದನಿ.

"ನಾನೇ, ಫೂಫಿ."

"ಹೆಣ್ಣಮಗಳು ಎತ್ತಿದ ಹಾಳಿ ನಾ ಎಂದೂ ಕೇಳಿಲ್ಲವಾ" ಎಂದರು ಫೂಫಿ. "ಇನ್ನೊಮ್ಮೆ ಬಾರಿಸು."

ಭಾಬಿ ಬಾರಿಸಿದರು. ಗಂಡನ ಹಾಳೆಯೂ ಕರಗಿ ಸೇರಿದ್ದ ಹಾಳೆ ಅದು. ಅವರದೆನ್ನುವುದು ಈ ಭೂಮಿಯ ಮೇಲೆ ಉಳಿದಿದ್ದರೆ ಅದರೊಳಗೆ ಉಳಿದಿತ್ತು. ಭಾಬಿ ಅದನ್ನು ಎದೆಗೆ ಒತ್ತಿ ಹಿಡಿದುಕೊಂಡಿದ್ದರು. ಅದನ್ನು ಕಟ್ಟು ಹಾಕಿಸಿ ಗೋಡೆಗೆ ತೂಗುಹಾಕಬೇಕು ಎಂದು ನಾನು ಮನಸ್ಸಿನಲ್ಲೇ ಜಾಗವನ್ನೂ ನೋಡಿಟ್ಟಿದ್ದೆ.

"ಮತ್ತ ಕೈಯಾಗ ಯಾಕ ಹಿಡ್ಕೊಂಡು ನಿಂತೀ?" ಎಂದು ಗದರಿದರು ಫೂಫಿ. ಆ ಗದರಿಕೆಯ ಹಿಂದೆ ಅಳು ಇತ್ತು. "ಮೊದಲನೇದು. ತೊಟ್ಟಿಗೆ ಹಾಕು."

ಬೇಡ ಎನ್ನಲು ನನ್ನ ಬಾಯಿ ತೆರೆದಿತ್ತು. ಆದರೆ ಈ ಸಲ ಕಿರುಚುವ ಬದಲು ಫೋನನ್ನು ತೊಟ್ಟಿಯ ಹತ್ತಿರ ಒಯ್ದು ಹಿಡಿದೆ. ಭಾಬಿ ಹಾಳೆಯನ್ನು ಒಮ್ಮೆ ಬೆಳಕಿಗೆ ಹಿಡಿದು ನೋಡಿದರು, ಅವರು ನೋಡುತ್ತಿದ್ದ ಹಾಗೆಯೇ ಕಣ್ಣು ಕಿರಿದು ಮಾಡಿ. ಆಮೇಲೆ ಎರಡಾಗಿ, ನಾಲ್ಕಾಗಿ ಹರಿದು ನೀರಿಗೆ ಹಾಕಿ, ಬಳೆಗಳನ್ನು ಮೇಲಕ್ಕೆ ಸರಿಸಿ ಕಲಕತೊಡಗಿದರು.

ಕೆಳಗೆ ಮೆಟ್ಟಿಲ ಬುಡದಿಂದ ಮಾಶಿಮಾ ಕೂಗಿದರು: "ಛಾದೇ ಕೇ?"

ಭಾಬಿ ನನ್ನ ಮುಖ ನೋಡಿದರು. ಆಕೆ ತೊಟ್ಟಿಯಿಂದ ಕೈ ತೆಗೆಯದೆ, ಕತ್ತು ಹೊರಳಿಸಿ, ಇಡೀ ಕಟ್ಟಡಕ್ಕೆ ಕೇಳುವ ಹಾಗೆ ಹೇಳಿದರು:

"ಕಾಗಜಿ, ಮಾಶಿಮಾ!"